ಸುದ್ದಿಚಿತ್ರವೂ ಜನರ ನೆನಪೂ

೨೦೦೮ನೆಯ ಇಸವಿಯ ನವೆಂಬರ್ ೨೬ರ ರಾತ್ರಿ ಹತ್ತು ಮಂದಿ ಶಸ್ತ್ರಧಾರಿ ಭಯೋತ್ಪಾದಕರು ಮುಂಬಯಿ ನಗರದ ಮೇಲೆ ಎರಗಿದರು. ಪಾಕಿಸ್ತಾನದ ಕರಾಚಿಯಿಂದ ಸಮುದ್ರಮಾರ್ಗವಾಗಿ ಬಂದ ಅವರು ಕೊಲಾಬಾ ಭಾಗದ ಬೆಸ್ತರ ಕೇರಿಯ ಬಳಿ ದಡವನ್ನೇರಿ, ಸಣ್ಣ ಸಣ್ಣ ಗುಂಪುಗಳಾಗಿ ಚದುರಿದರು. ರೈಲುನಿಲ್ದಾಣ, ಉಪಾಹಾರಗೃಹ, ಆಸ್ಪತ್ರೆಯ ಆಸುಪಾಸು, ಯೆಹೂದಿಗಳ ಪ್ರಾರ್ಥನಾಮಂದಿರ, ಎರಡು ದೊಡ್ಡ ಹೋಟೆಲುಗಳು ಅವರ ದಾಳಿಗೆ ಗುರಿಯಾದವು. ೨೯ರ ಬೆಳಗಿನವರೆಗೆ ನಡೆದ ಆ ಹತ್ಯಾಕಾಂಡದಲ್ಲಿ ೧೬೬ ಜನರು ಪ್ರಾಣ ಕಳೆದುಕೊಂಡರು.

ಇಂದು ಆ ಘಟನೆಯ ಮಾತು ಬಂದರೆ, ಮುಂಬಯಿಯನ್ನು ಎಂದೂ ಕಾಣದವರ ಮನಸ್ಸಿನಲ್ಲಿಯೂ ಎರಡು ಚಿತ್ರಗಳು ಎದ್ದು ನಿಲ್ಲುತ್ತವೆ. ಬೆನ್ನಿಗೆ ಚೀಲ ಹಾಕಿಕೊಂಡು, ಕೈಯಲ್ಲಿ ಬಂದೂಕು ಹಿಡಿದು, ರೈಲುನಿಲ್ದಾಣದಲ್ಲಿ ನಡೆದುಹೋಗುತ್ತಿರುವ ಯುವಕನೊಬ್ಬನದು ಒಂದು. ಹೊಗೆಯಲ್ಲಿ ಮುಳುಗಿದ ತಾಜ್ ಹೋಟೆಲಿನ ಗುಮ್ಮಟದ್ದು ಇನ್ನೊಂದು. ಆ ವರ್ಷ ಇನ್ನೂ ಹುಟ್ಟದೆ ಇದ್ದ ಬಾಲಕ ಬಾಲಕಿಯರಿಗೂ ಈ ಎರಡು ಚಿತ್ರಗಳು ಪರಿಚಿತವಾಗಿವೆ. ಕಣ್ಣಾರೆ ಕಾಣದ ಘಟನೆಯನ್ನು ಇಷ್ಟು ಸ್ಪಷ್ಟವಾಗಿ ‘ನೆನಪಿಟ್ಟುಕೊಳ್ಳುವುದು’ ಹೇಗೆ ಸಾಧ್ಯವಾಯಿತು? ಅಷ್ಟು ದೊಡ್ಡ ದುರಂತದಿಂದ ಈ ಎರಡನ್ನೇ ಲೋಕವು ಆರಿಸಿಕೊಂಡದ್ದೇಕೆ? ಉಳಿದುದೆಲ್ಲ ಎಲ್ಲಿಗೆ ಹೋಯಿತು? ಸುದ್ದಿಪತ್ರಿಕೆಯ ಛಾಯಾಚಿತ್ರವು ಜನರ ನೆನಪನ್ನು ರೂಪಿಸುವ ಬಗೆಯನ್ನು ತಿಳಿಯಲು ಈ ಪ್ರಶ್ನೆಗಳನ್ನು ಹಿಂಬಾಲಿಸಿ ಹೋಗುವುದು ಒಳ್ಳೆಯ ದಾರಿ.

ಮೊದಲನೆಯ ಚಿತ್ರದ ಹುಟ್ಟನ್ನು ಸ್ವಲ್ಪ ವಿವರವಾಗಿ ನೋಡಬೇಕು. ಮುಂಬಯಿಯ ಛತ್ರಪತಿ ಶಿವಾಜಿ ಮಹಾರಾಜ್ ಟರ್ಮಿನಸ್ ಹತ್ತೊಂಬತ್ತನೆಯ ಶತಮಾನದಲ್ಲಿ ಕಟ್ಟಿದ ಭವ್ಯವಾದ ರೈಲುನಿಲ್ದಾಣ. ಹಿಂದೆ ವಿಕ್ಟೋರಿಯಾ ಟರ್ಮಿನಸ್ ಎನ್ನಿಸಿಕೊಂಡಿದ್ದ ಈ ಕಟ್ಟಡವನ್ನು ೨೦೦೪ರಲ್ಲಿ ಯುನೆಸ್ಕೊ ಸಂಸ್ಥೆ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು. ಇದರ ಎದುರಿಗೇ, ರಸ್ತೆಯ ಆಚೆ ಬದಿಯಲ್ಲಿ, ‘ಟೈಮ್ಸ್ ಆಫ್ ಇಂಡಿಯಾ’ ಪತ್ರಿಕೆಯ ಕಚೇರಿಯಿದೆ. ಅಂದು ರಾತ್ರಿ ಆ ಕಟ್ಟಡದಲ್ಲಿದ್ದ ‘ಮುಂಬಯಿ ಮಿರರ್’ ಪತ್ರಿಕೆಯ ಛಾಯಾಚಿತ್ರ ಸಂಪಾದಕ ಸೆಬಾಸ್ಟಿಯನ್ ಡಿಸೋಜಾ ಗುಂಡಿನ ಸುದ್ದಿಯನ್ನು ಕೇಳಿ, ಕ್ಯಾಮರಾಗಳನ್ನೆತ್ತಿಕೊಂಡು ರಸ್ತೆ ದಾಟಿ ನಿಲ್ದಾಣದೊಳಕ್ಕೆ ಓಡಿದರು. ಒಳಗಿನಿಂದ ಜನರು ಹೊರಕ್ಕೆ ಓಡುತ್ತಿದ್ದರು. ಅವರೊಬ್ಬರು ಒಳಕ್ಕೆ ಹೋಗುತ್ತಿದ್ದರು.

ದೂರದ ಊರುಗಳಿಗೆ ಹೋಗುವ ರೈಲುಗಳಿಗಾಗಿ ಕಾಯುವವರ ವಿಶಾಲವಾದ ಅಂಗಣ ಆ ವೇಳೆಗೆ ರಕ್ತಮಯವಾಗಿತ್ತು. ಗಂಟುಮೂಟೆಗಳನ್ನು ಬದಿಗಿಟ್ಟುಕೊಂಡು ನೆಲದ ಮೇಲೆ ಕುಳಿತಿದ್ದವರು, ಮಕ್ಕಳಿಗೆ ಊಟ ಮಾಡಿಸುತ್ತಿದ್ದವರು, ನಿದ್ದೆಹೋಗಿದ್ದವರು—ಇಂಥವರ ಮೇಲೆ ಇಬ್ಬರು ಭಯೋತ್ಪಾದಕರು ಗುಂಡಿನ ಮಳೆಗರೆದು, ಕೈಬಾಂಬುಗಳನ್ನು ಎಸೆದಿದ್ದರು. ಆ ನಿಲ್ದಾಣವೊಂದರಲ್ಲಿಯೇ ಸತ್ತವರು ೫೮ ಮಂದಿ. ಗಾಯಗೊಂಡವರು ನೂರಕ್ಕೂ ಹೆಚ್ಚು. ಅಲ್ಲಿಂದ ಕೊಲೆಗಡುಕರು ಪಕ್ಕದ ಉಪನಗರ ರೈಲುಗಳ ಪ್ಲಾಟ್‌ಫಾರಂ ಕಡೆಗೆ ತಿರುಗಿದರು. ಡಿಸೋಜಾ ನಿಂತಿದ್ದ ರೈಲಿನ ಡಬ್ಬಿಯೊಂದರಲ್ಲಿ ಅಡಗಿ, ಕಂಬಗಳ ಮರೆಯಲ್ಲಿ ನಿಂತು, ದೂರದ ವಸ್ತುವನ್ನು ಹತ್ತಿರಕ್ಕೆ ತರುವ ಮಸೂರದಿಂದ ಅವರನ್ನು ಹಿಡಿದರು.

ರಾತ್ರಿಯ ಹೊತ್ತು, ನಿಲ್ದಾಣದ ದೀಪಗಳ ಬೆಳಕು ಮಾತ್ರ. ಇಂಥ ಕಡೆ ಛಾಯಾಗ್ರಾಹಕರು ಸಾಮಾನ್ಯವಾಗಿ ಮಿಂಚುದೀಪವನ್ನು ಬಳಸುತ್ತಾರೆ. ಆದರೆ ಆ ಮಿಂಚು ಒಮ್ಮೆ ಹೊಳೆದಿದ್ದರೆ ಬಂದೂಕಿನ ಮೂತಿ ಅತ್ತಲೇ ತಿರುಗುತ್ತಿತ್ತು. ಮಿಂಚುದೀಪವಿಲ್ಲದೆ ಮಂದವಾದ ಬೆಳಕಿನಲ್ಲಿ ಚಿತ್ರ ತೆಗೆಯಬೇಕಾದರೆ ಕ್ಯಾಮರಾದ ಕಣ್ಣು ಹೆಚ್ಚು ಹೊತ್ತು ತೆರೆದಿರಬೇಕು. ಆ ಅವಧಿಯಲ್ಲಿ ಕೈ ಕೊಂಚ ಅಲುಗಿದರೂ, ಎದುರಿನ ವ್ಯಕ್ತಿ ಹೆಜ್ಜೆ ಇಟ್ಟರೂ ಚಿತ್ರ ಕಲಸಿಹೋಗುತ್ತದೆ. ಪ್ರಾಣಭಯದಲ್ಲಿರುವವನ ಕೈ ಅಲುಗದೆ ಇರುವುದಾದರೂ ಹೇಗೆ? ಅಂದು ತೆಗೆದ ಚಿತ್ರಗಳಲ್ಲಿ ಬಹುಪಾಲು ಮಸುಕಾದವು. ಸ್ಪಷ್ಟವಾಗಿ ಮೂಡಿದ ಕೆಲವೇ ಚಿತ್ರಗಳಲ್ಲಿ ಒಂದು ಲೋಕಪ್ರಸಿದ್ಧವಾಯಿತು. ಅದರಲ್ಲಿರುವವನು ಅಜ್ಮಲ್ ಕಸಬ್. ಆಗ ಅವನ ವಯಸ್ಸು ೨೧.

ಮರುದಿನದಿಂದ ಆ ಚಿತ್ರವನ್ನು ಪತ್ರಿಕೆಗಳಲ್ಲಿ ನೋಡಿದವರನ್ನು ಬೆಚ್ಚಿಬೀಳಿಸಿದ್ದು ಬಂದೂಕಲ್ಲ, ಅವನ ವೇಷ. ಬಣ್ಣದ ಅಂಗಿ, ಜೇಬುಗಳುಳ್ಳ ಪ್ಯಾಂಟು, ಬೆನ್ನಿನ ಚೀಲ—ಕಾಲೇಜಿಗೆ ಹೊರಟ ಹುಡುಗನಂತೆ ತೋರುವ ರೂಪ. ರಾಕ್ಷಸನೆಂದರೆ ಕೋರೆದಾಡೆಯುಳ್ಳವನೆಂದು ನಂಬಿದ್ದ ಮನಸ್ಸಿಗೆ ಈ ಸಾಧಾರಣ ಮುಖವೇ ಭೀಕರವಾಗಿ ಕಂಡಿತು.

ಈ ಚಿತ್ರದಿಂದಾದ ಪ್ರಯೋಜನ ಸಾಮಾನ್ಯವಾದುದಲ್ಲ. ಹತ್ತು ಮಂದಿಯಲ್ಲಿ ಜೀವಸಹಿತ ಸೆರೆಸಿಕ್ಕವನು ಕಸಬ್ ಒಬ್ಬನೇ. ವಿಚಾರಣೆಯ ಕಾಲದಲ್ಲಿ ಅವನು ಒಮ್ಮೆ ಅಪರಾಧವನ್ನು ಒಪ್ಪಿಕೊಂಡು, ೨೦೦೯ರ ಡಿಸೆಂಬರಿನಲ್ಲಿ ಆ ಮಾತನ್ನು ಹಿಂತೆಗೆದುಕೊಂಡನು. ತಾನು ಸಿನಿಮಾದಲ್ಲಿ ನಟಿಸಲು ಮುಂಬಯಿಗೆ ಬಂದವನೆಂದೂ ದಾಳಿಗೆ ಮೊದಲೇ ಪೊಲೀಸರು ತನ್ನನ್ನು ಹಿಡಿದಿದ್ದರೆಂದೂ ಹೇಳಿದನು. ಮಾತು ಬದಲಾಗಬಹುದು, ನಿಲ್ದಾಣದಲ್ಲಿ ಬಂದೂಕು ಹಿಡಿದು ನಿಂತ ಚಿತ್ರ ಬದಲಾಗದು. ಡಿಸೋಜಾ ಮತ್ತು ಇನ್ನೊಬ್ಬ ಛಾಯಾಗ್ರಾಹಕ ಶ್ರೀರಾಮ್ ವೆರ್ಣೇಕರ್ ನ್ಯಾಯಾಲಯಕ್ಕೆ ಬಂದು ಸಾಕ್ಷ್ಯ ನುಡಿದರು. ೨೦೧೦ರ ಮೇ ೬ರಂದು ವಿಶೇಷ ನ್ಯಾಯಾಲಯ ಮರಣದಂಡನೆಯನ್ನು ವಿಧಿಸಿತು. ೨೦೧೨ರ ಆಗಸ್ಟ್ ೨೯ರಂದು ಅದನ್ನು ಎತ್ತಿಹಿಡಿದ ಸರ್ವೋಚ್ಚ ನ್ಯಾಯಾಲಯವು, ತಮ್ಮ ಪ್ರಾಣವನ್ನು ಲೆಕ್ಕಿಸದೆ ಕೊಲೆಗಾರರ ಬೆನ್ನುಹತ್ತಿದ ಈ ಇಬ್ಬರು ಛಾಯಾಗ್ರಾಹಕರ ವೃತ್ತಿನಿಷ್ಠೆಯನ್ನು ತನ್ನ ತೀರ್ಪಿನಲ್ಲಿಯೇ ಪ್ರಶಂಸಿಸಿತು. ಅದೇ ವರ್ಷ ನವೆಂಬರ್ ೨೧ರಂದು ಪುಣೆಯ ಯೆರವಾಡಾ ಸೆರೆಮನೆಯಲ್ಲಿ ಕಸಬನನ್ನು ಗಲ್ಲಿಗೇರಿಸಲಾಯಿತು.

ನ್ಯಾಯಾಲಯಕ್ಕೆ ಬೇಕಾದದ್ದು ಸಾಕ್ಷ್ಯ. ಅಪರಾಧಿಯ ಮುಖ ಸ್ಪಷ್ಟವಾಗಿದ್ದಷ್ಟೂ ಸಾಕ್ಷ್ಯಕ್ಕೆ ಬೆಲೆ ಹೆಚ್ಚು. ಆದರೆ ಅದೇ ಚಿತ್ರ ನ್ಯಾಯಾಲಯದಿಂದ ಹೊರಬಂದು ಜನರ ನೆನಪಿನಲ್ಲಿ ನೆಲಸಿದಾಗ ಅದರ ಕೆಲಸ ಬೇರೆಯಾಗುತ್ತದೆ. ಕೊಂದವನ ಮುಖ ದೇಶದ ಮನೆಮನೆಗೂ ತಿಳಿಯಿತು; ಅದೇ ನೆಲದ ಮೇಲೆ ಸತ್ತ ೫೮ ಮಂದಿಯಲ್ಲಿ ಒಬ್ಬರ ಮುಖವನ್ನಾದರೂ ನೆನಪಿಟ್ಟವರು ಅವರ ಮನೆಯವರಲ್ಲದೆ ಇನ್ನಾರಿದ್ದಾರೆ? ಅಷ್ಟೇ ಅಲ್ಲ. ನಿಲ್ದಾಣದಲ್ಲಿ ಗುಂಡು ಹಾರಿಸಿದವರು ಇಬ್ಬರು. ಎರಡನೆಯವನಾದ ಇಸ್ಮಾಯಿಲ್ ಖಾನನೂ ಛಾಯಾಚಿತ್ರಗಳಲ್ಲಿ ಸಿಕ್ಕಿದ್ದಾನೆ. ಆದರೆ ಅವನು ಅದೇ ರಾತ್ರಿ ಗಿರ್‌ಗಾಂವ್ ಚೌಪಾಟಿಯ ಬಳಿ ಪೊಲೀಸರ ಗುಂಡಿಗೆ ಬಲಿಯಾದನು. ಅವನ ಚಿತ್ರ ಮತ್ತೆ ಮತ್ತೆ ಅಚ್ಚಾಗುವ ಸಂದರ್ಭ ಒದಗಲಿಲ್ಲ. ವಿಚಾರಣೆ ನಡೆದ ನಾಲ್ಕು ವರ್ಷಗಳ ಕಾಲ ಪ್ರತಿಯೊಂದು ಸುದ್ದಿಯ ಜೊತೆಗೂ ಅಚ್ಚಾದದ್ದು ಕಸಬನ ಚಿತ್ರ. ಹೀಗೆ ಹತ್ತು ಮಂದಿಯ ಕೃತ್ಯಕ್ಕೆ ಜನರ ಮನಸ್ಸಿನಲ್ಲಿ ಒಂದೇ ಮುಖ ಉಳಿಯಿತು. ದೂರದಲ್ಲಿ ಕುಳಿತು ಅವರನ್ನು ಕಳುಹಿಸಿದವರಿಗಂತೂ ಆ ಚೌಕಟ್ಟಿನಲ್ಲಿ ಎಡೆಯೇ ಇಲ್ಲ. ಡೇವಿಡ್ ಹೆಡ್ಲಿ ಎಂಬವನು ದಾಳಿಗೆ ಮೊದಲು ಹಲವು ಸಲ ಮುಂಬಯಿಗೆ ಬಂದು, ಪ್ರವಾಸಿಯಂತೆ ನಟಿಸುತ್ತ, ಈ ಸ್ಥಳಗಳನ್ನೆಲ್ಲ ವಿಡಿಯೊದಲ್ಲಿ ಸೆರೆಹಿಡಿದುಕೊಂಡು ಹೋಗಿದ್ದನು. ಕ್ಯಾಮರಾ ಕೊಲೆಯ ಸಿದ್ಧತೆಗೂ ಒದಗಿತ್ತೆಂಬ ಈ ಸಂಗತಿಯನ್ನು ಬಲ್ಲವರು ಕಡಿಮೆ. ಏಕೆಂದರೆ ಅವನು ಚಿತ್ರ ತೆಗೆಯುತ್ತಿದ್ದುದನ್ನು ಯಾರೂ ಚಿತ್ರ ತೆಗೆದಿರಲಿಲ್ಲ.

ಎರಡನೆಯ ಚಿತ್ರದ ಕಥೆ ಬೇರೆ ಬಗೆಯದು. ಅರಬ್ಬೀ ಸಮುದ್ರದ ದಂಡೆಯಲ್ಲಿ, ಭಾರತದ ಹೆಬ್ಬಾಗಿಲೆಂದು ಹೆಸರಾದ ಕಮಾನಿನ ಎದುರಿಗೆ, ೧೯೦೩ರಿಂದ ನಿಂತಿರುವ ತಾಜ್ ಹೋಟೆಲಿನ ಗುಮ್ಮಟ ಮುಂಬಯಿಯ ಗುರುತುಗಳಲ್ಲೊಂದು. ಅಲ್ಲಿ ಸತ್ತವರು ಸುಮಾರು ೩೦ ಮಂದಿ. ರೈಲುನಿಲ್ದಾಣದಲ್ಲಿ ಸತ್ತವರ ಸಂಖ್ಯೆ ಅದಕ್ಕಿಂತ ಬಹಳ ಹೆಚ್ಚು. ಆದರೂ ಆ ದಾಳಿಯ ವಾರ್ಷಿಕ ದಿನದಂದು ಪತ್ರಿಕೆಗಳಲ್ಲಿ, ಪುಸ್ತಕಗಳ ರಕ್ಷಾಪುಟಗಳಲ್ಲಿ ಹೆಚ್ಚಾಗಿ ಕಾಣುವುದು ಹೊಗೆ ತುಂಬಿದ ಗುಮ್ಮಟ. ಹಣವಂತರ ಹೋಟೆಲಿಗೆ ದೊರೆತ ಗಮನ ಬಡವರ ನಿಲ್ದಾಣಕ್ಕೆ ದೊರೆಯಲಿಲ್ಲವೆಂದು ಆಗಲೇ ಅನೇಕರು ಆಕ್ಷೇಪಿಸಿದರು. ಆ ಮಾತಿನಲ್ಲಿ ಸತ್ಯವಿದೆ. ಆದರೆ ಅದೇ ಪೂರ್ಣ ಸತ್ಯವಲ್ಲ. ನಿಲ್ದಾಣದಲ್ಲಿ ಎಲ್ಲವೂ ಸುಮಾರು ಒಂದು ಗಂಟೆಯೊಳಗೆ ಮುಗಿದುಹೋಯಿತು. ಅದೂ ರಾತ್ರಿಯಲ್ಲಿ, ಛಾವಣಿಯ ಕೆಳಗೆ. ಅಲ್ಲಿದ್ದ ಛಾಯಾಗ್ರಾಹಕರು ಬೆರಳೆಣಿಕೆಯಷ್ಟು ಮಂದಿ. ತಾಜ್ ಹೋಟೆಲಿನ ಮುತ್ತಿಗೆಯಾದರೋ ಸುಮಾರು ೬೦ ಗಂಟೆಗಳ ಕಾಲ ನಡೆಯಿತು. ಎರಡು ಹಗಲುಗಳ ಪೂರ್ಣ ಬೆಳಕು ದೊರೆಯಿತು. ಕಟ್ಟಡದ ಎದುರಿಗೆ ವಿಶಾಲವಾದ ಬಯಲಿತ್ತು. ಲೋಕದ ನಾನಾ ಕಡೆಗಳಿಂದ ವರದಿಗಾರರು ಬಂದು ನೆರೆಯುವಷ್ಟು ಅವಕಾಶವಿತ್ತು. ಅವಧಿ, ಬೆಳಕು, ನಿಲ್ಲಲು ಸ್ಥಳ ಇವು ಮೂರೂ ಕೂಡಿದ ಕಡೆ ಹೆಚ್ಚು ಚಿತ್ರಗಳು ಹುಟ್ಟುತ್ತವೆ. ಹೆಚ್ಚು ಹುಟ್ಟಿದ ಕಡೆಯಿಂದ ಹೆಚ್ಚು ಅಚ್ಚಾಗುತ್ತವೆ, ಅಚ್ಚಾದದ್ದೇ ನೆನಪಾಗುತ್ತದೆ. ಇದಕ್ಕೆ ಜೊತೆಯಾಗಿ ಗುಮ್ಮಟದ ಆಕಾರವೂ ಇದೆ. ಒಂದೇ ನೋಟಕ್ಕೆ ‘ಇದು ಮುಂಬಯಿ’ ಎಂದು ಸಾರಬಲ್ಲ ಆಕಾರವದು. ನೆಲದ ಮೇಲೆ ಚೆಲ್ಲಾಪಿಲ್ಲಿಯಾಗಿ ಬಿದ್ದ ಚೀಲಗಳೂ ಪಾದರಕ್ಷೆಗಳೂ ಯಾವ ಊರಿನವಾದರೂ ಆಗಬಹುದು.

ಈ ಕಾರಣಗಳ ಬಲವನ್ನು ಅರಿಯಲು ಮುಂಬಯಿಯ ಇತಿಹಾಸವೇ ಇನ್ನೆರಡು ನಿದರ್ಶನಗಳನ್ನು ಒದಗಿಸುತ್ತದೆ. ೧೯೯೩ರ ಮಾರ್ಚ್ ೧೨ರಂದು ನಗರದ ಹಲವೆಡೆ ಸಾಲಾಗಿ ಸಿಡಿದ ಬಾಂಬುಗಳಿಗೆ ೨೫೭ ಮಂದಿ ಬಲಿಯಾದರು. ೨೦೦೬ರ ಜುಲೈ ೧೧ರ ಸಂಜೆ, ಜನರು ಕೆಲಸ ಮುಗಿಸಿ ಮನೆಗೆ ಹಿಂದಿರುಗುವ ವೇಳೆಯಲ್ಲಿ, ಉಪನಗರ ರೈಲುಗಳಲ್ಲಿ ಕೆಲವೇ ನಿಮಿಷಗಳ ಅಂತರದಲ್ಲಿ ಏಳು ಬಾಂಬುಗಳು ಸಿಡಿದು ೧೮೦ಕ್ಕೂ ಹೆಚ್ಚು ಜನರು ಸತ್ತರು. ಸಂಖ್ಯೆಯಿಂದ ಅಳೆದರೆ ಈ ಎರಡೂ ೨೦೦೮ರ ದಾಳಿಗಿಂತ ದೊಡ್ಡವು. ಆದರೆ ಮುಂಬಯಿಯ ಹೊರಗೆ ಈ ದಿನಾಂಕಗಳನ್ನು ತಡೆಯಿಲ್ಲದೆ ಹೇಳಬಲ್ಲವರು ವಿರಳ. ಬಾಂಬು ಸಿಡಿಯುವುದು ಕ್ಷಣಮಾತ್ರದಲ್ಲಿ. ಛಾಯಾಗ್ರಾಹಕನು ಬರುವುದು ಅನಂತರ. ಅವನಿಗೆ ಸಿಕ್ಕುವುದು ಹರಿದ ತಗಡು, ಹೊಗೆ, ಸ್ಟ್ರೆಚರುಗಳು. ಕೊಂದವನ ಮುಖವೂ ಇಲ್ಲ, ನಡೆಯುತ್ತಿರುವ ಕೃತ್ಯವೂ ಇಲ್ಲ. ೨೦೦೮ರ ದಾಳಿಗೆ ಮುಖವೂ ಇತ್ತು, ಮೂರು ದಿನಗಳ ಕಥೆಯೂ ಇತ್ತು. ಅದಕ್ಕೆ ಹೆಸರೂ ಬಂದಿತು: ‘೨೬/೧೧’. ಅಮೆರಿಕದ ೨೦೦೧ರ ಸೆಪ್ಟೆಂಬರ್ ೧೧ರ ದಾಳಿಯನ್ನು ಅಂಕಿಗಳಿಂದ ಕರೆದ ರೂಢಿಯನ್ನು ಅನುಸರಿಸಿ ಹುಟ್ಟಿದ ಹೆಸರಿದು. ಅವರು ತಿಂಗಳನ್ನು ಮೊದಲು ಬರೆಯುತ್ತಾರೆ, ಇಲ್ಲಿ ದಿನ ಮೊದಲು. ಅಷ್ಟು ಮಾತ್ರ ಸ್ವಂತದ್ದು.

ಚಿತ್ರವೇ ಇಲ್ಲದ ದುರಂತದ ಗತಿ ಇನ್ನೂ ಶೋಚನೀಯ. ೧೯೮೫ರ ಜೂನ್ ೨೩ರಂದು ಕೆನಡಾದಿಂದ ಭಾರತಕ್ಕೆ ಹೊರಟಿದ್ದ ಏರ್ ಇಂಡಿಯಾ ಸಂಸ್ಥೆಯ ‘ಕನಿಷ್ಕ’ ವಿಮಾನ ಐರ್ಲೆಂಡಿನ ಬಳಿ ಸಮುದ್ರದ ಮೇಲೆ, ಆಕಾಶದಲ್ಲಿಯೇ, ಬಾಂಬಿನಿಂದ ಛಿದ್ರವಾಯಿತು. ಅದರಲ್ಲಿದ್ದ ೩೨೯ ಮಂದಿಯಲ್ಲಿ ಒಬ್ಬರೂ ಉಳಿಯಲಿಲ್ಲ. ಸತ್ತವರಲ್ಲಿ ಬಹುಮಂದಿ ಭಾರತೀಯ ಮೂಲದ ಕೆನಡಾ ಪ್ರಜೆಗಳು. ಆದರೂ ಕೆನಡಾದ ಪ್ರಧಾನಿ ಸಂತಾಪ ಸೂಚಿಸಿದ್ದು ಭಾರತದ ಪ್ರಧಾನಿಗೆ! ಸ್ಫೋಟದ ಕ್ಷಣವನ್ನು ಕಂಡವರಿರಲಿಲ್ಲ; ಅವಶೇಷಗಳಲ್ಲಿ ಹೆಚ್ಚಿನವು ಕಡಲಿನ ಆಳಕ್ಕೆ ಸೇರಿದವು. ಆ ದೇಶದ ಜನರು ಅದನ್ನು ಬಹುಕಾಲ ಬೇರೆ ಯಾರದೋ ದುಃಖವೆಂಬಂತೆ ಕಂಡರು. ಇದಕ್ಕೆ ವರ್ಣಭೇದದ ಮನೋಭಾವವೇ ಮುಖ್ಯ ಕಾರಣವೆಂದು ಸತ್ತವರ ಬಂಧುಗಳು ನೊಂದು ಹೇಳಿದ್ದಾರೆ. ಕಣ್ಣಿಗೆ ಕಟ್ಟುವಂಥ ಚಿತ್ರವೊಂದು ಇಲ್ಲದಿದ್ದುದೂ ಮರೆವಿಗೆ ನೆರವಾಯಿತೆನ್ನಬಹುದು. ಘಟನೆ ನಡೆದು ೨೫ ವರ್ಷಗಳ ಮೇಲೆ, ೨೦೧೦ರಲ್ಲಿ, ವಿಚಾರಣಾ ಆಯೋಗದ ನ್ಯಾಯಮೂರ್ತಿ ಜಾನ್ ಮೇಜರ್ ತಮ್ಮ ವರದಿಯನ್ನು ಹೊರಡಿಸುವಾಗ, ಇದು ಕೆನಡಾದ ಮೇಲೆಯೇ ನಡೆದ ಘೋರಕೃತ್ಯವೆಂದು ಆ ದೇಶಕ್ಕೆ ಒತ್ತಿ ಹೇಳಬೇಕಾಯಿತು.

ಚಿತ್ರವಿಲ್ಲದ ಕಡೆ ಮರೆವು ಬೆಳೆಯುವುದಾದರೆ, ಚಿತ್ರವಿರುವ ಕಡೆ ನೆನಪು ತನ್ನ ಮಿತಿಯನ್ನು ಮೀರಿಯೂ ಬೆಳೆಯುತ್ತದೆ. ೨೦೦೫ರ ಜುಲೈ ೭ರಂದು ಲಂಡನ್ನಿನ ನೆಲದಡಿಯ ರೈಲುಗಳಲ್ಲಿ ಮೂರು, ಟ್ಯಾವಿಸ್ಟಾಕ್ ಚೌಕದಲ್ಲಿದ್ದ ಬಸ್ಸೊಂದರಲ್ಲಿ ಒಂದು, ಹೀಗೆ ನಾಲ್ಕು ಬಾಂಬುಗಳು ಸಿಡಿದು ೫೨ ಮಂದಿ ಸತ್ತರು. ರೈಲುಗಳು ಸುರಂಗದೊಳಗಿದ್ದವು, ಬಸ್ಸು ಬೀದಿಯಲ್ಲಿತ್ತು. ಆದ್ದರಿಂದ ಛಾವಣಿ ಕಿತ್ತುಹೋದ ಆ ಕೆಂಪು ಬಸ್ಸಿನ ಚಿತ್ರವೇ ಲೋಕದ ಪತ್ರಿಕೆಗಳಲ್ಲೆಲ್ಲ ಪ್ರಕಟವಾಯಿತು. ಆದರೆ ಬಸ್ಸು ಸಿಡಿಯುವ ಕ್ಷಣದ ಚಲಿಸುವ ಚಿತ್ರ ಯಾವುದೂ ಇರಲಿಲ್ಲ. ಕೆಲವು ವರ್ಷಗಳ ಅನಂತರ ಮನಶ್ಶಾಸ್ತ್ರಜ್ಞರು ಒಂದು ಸಣ್ಣ ಪರೀಕ್ಷೆಯನ್ನು ನಡೆಸಿದರು. ಆ ಕ್ಷಣದ ಚಲಿಸುವ ಚಿತ್ರವನ್ನು ನೀವು ನೋಡಿದ್ದೀರಾ ಎಂದು ಬ್ರಿಟನ್ನಿನ ಕೆಲವರನ್ನು ಕೇಳಿದಾಗ, ನೂರಕ್ಕೆ ಸುಮಾರು ೪೦ ಮಂದಿ ‘ನೋಡಿದ್ದೇವೆ’ ಎಂದರು! ಅವರು ಸುಳ್ಳುಗಾರರಲ್ಲ. ಸಿಡಿದ ಬಸ್ಸಿನ ನಿಶ್ಚಲ ಚಿತ್ರವನ್ನು ಅವರು ನೂರು ಸಲ ನೋಡಿದ್ದರು. ಅದಕ್ಕೆ ಹಿಂದಿನ ಕ್ಷಣವನ್ನು ಅವರ ಮನಸ್ಸು ತಾನೇ ಕಲ್ಪಿಸಿ, ಹೊಲಿದು ಸೇರಿಸಿಬಿಟ್ಟಿತ್ತು. ನೆನಪನ್ನು ಪೆಟ್ಟಿಗೆಯಲ್ಲಿಟ್ಟ ಬಟ್ಟೆಯಂತೆ ಭಾವಿಸುವುದು ವಾಡಿಕೆ. ವಾಸ್ತವವಾಗಿ ಅದು ಪ್ರತಿಸಲವೂ ಹೊಸದಾಗಿ ನೇಯಲ್ಪಡುತ್ತದೆ, ಮತ್ತು ನೇಯುವುದಕ್ಕೆ ಕೈಗೆ ಹತ್ತಿರವಿರುವ ನೂಲು ಪತ್ರಿಕೆಯ ಚಿತ್ರ.

ಹೀಗಿರುವುದರಿಂದ ಯಾವ ಚಿತ್ರವನ್ನು ಅಚ್ಚುಮಾಡಬೇಕು, ಯಾವುದನ್ನು ಬಿಡಬೇಕು ಎಂಬ ಸಂಪಾದಕನ ತೀರ್ಮಾನಕ್ಕೆ ಒಂದು ದಿನದ ಪತ್ರಿಕೆಯನ್ನು ಮೀರಿದ ಮಹತ್ವವಿದೆ. ಆ ತೀರ್ಮಾನವಾಗುವುದಾದರೋ ನಡುರಾತ್ರಿಯಲ್ಲಿ, ಮುದ್ರಣಯಂತ್ರ ಕಾಯುತ್ತಿರುವಾಗ. ನ್ಯೂಯಾರ್ಕಿನ ಅವಳಿ ಗೋಪುರಗಳು ಉರಿಯುತ್ತಿದ್ದಾಗ ಮೇಲಿನ ಅಂತಸ್ತುಗಳಿಂದ ಅನೇಕರು ಕೆಳಕ್ಕೆ ಬಿದ್ದರು. ಹಾಗೆ ಬೀಳುತ್ತಿದ್ದ ಒಬ್ಬನ ಚಿತ್ರವನ್ನು ರಿಚರ್ಡ್ ಡ್ರೂ ಎಂಬ ಛಾಯಾಗ್ರಾಹಕ ತೆಗೆದರು. ಮರುದಿನ ಅಮೆರಿಕದ ಪತ್ರಿಕೆಗಳು ಅದನ್ನು ಪ್ರಕಟಿಸಿದಾಗ ಓದುಗರಿಂದ ಕೋಪದ ಪತ್ರಗಳು ಬಂದವು; ಸಾಯುತ್ತಿರುವವನ ಮಾನವನ್ನು ಕಳೆಯುವ ಚಿತ್ರವೆಂದು ಜನರು ದೂರಿದರು. ಪತ್ರಿಕೆಗಳು ಅದನ್ನು ಮರಳಿ ಪ್ರಕಟಿಸಲು ಹಿಂಜರಿದವು. ಅದರ ಬದಲಿಗೆ, ಬೂದಿಯ ರಾಶಿಯ ನಡುವೆ ಮೂವರು ಅಗ್ನಿಶಾಮಕ ಸಿಬ್ಬಂದಿ ರಾಷ್ಟ್ರಧ್ವಜವನ್ನೇರಿಸುತ್ತಿರುವ ಚಿತ್ರ ಅಂಚೆಚೀಟಿಯ ಮೇಲೂ ಮೂಡಿತು. ಎರಡೂ ಅದೇ ದಿನದ ಸತ್ಯಗಳೇ. ಒಂದು ತಾಳಿಕೊಳ್ಳಬಲ್ಲ ಸತ್ಯ, ಇನ್ನೊಂದು ತಾಳಲಾರದ್ದು. ಸತ್ತವರ ಬಂಧುಗಳ ಕಣ್ಣಿಗೂ ಬೀಳುವ ಚಿತ್ರವಿದೆಂಬ ಎಚ್ಚರ ಸಂಪಾದಕನಿಗೆ ಇರಲೇಬೇಕು. ಆದರೆ ಕಹಿಯಾದುದನ್ನೆಲ್ಲ ಮರೆಮಾಡಿದರೆ ಮುಂದಿನವರಿಗೆ ಉಳಿಯುವುದು ಧ್ವಜ ಮಾತ್ರ. ಬೆಂಕಿಯ ಕಾವು ಅವರಿಗೆ ತಿಳಿಯುವುದಿಲ್ಲ. ಈ ಇಕ್ಕಟ್ಟನ್ನು ಯಾವ ದೇಶದ ಪತ್ರಿಕಾವೃತ್ತಿಯೂ ಇನ್ನೂ ಬಗೆಹರಿಸಿಕೊಂಡಿಲ್ಲ.

ಇದಕ್ಕಿಂತ ಕಠಿಣವಾದ ಪ್ರಶ್ನೆ ಇನ್ನೊಂದಿದೆ. ಭಯೋತ್ಪಾದಕನಿಗೆ ಚಿತ್ರವು ಬೇಕಾಗಿಯೇ ಇರುತ್ತದೆ. ಕೊಲ್ಲುವುದು ಕೆಲವರನ್ನು, ಹೆದರಿಸಬೇಕಾದುದು ಕೋಟ್ಯಂತರ ಜನರನ್ನು. ನಡುವಣ ಸೇತುವೆ ಚಿತ್ರವೇ. ೧೯೭೨ರ ಸೆಪ್ಟೆಂಬರಿನಲ್ಲಿ ಮ್ಯೂನಿಕ್ ಒಲಿಂಪಿಕ್ ಕ್ರೀಡಾಕೂಟದ ವೇಳೆ ಇಸ್ರೇಲಿನ ಕ್ರೀಡಾಪಟುಗಳನ್ನು ಭಯೋತ್ಪಾದಕರು ಒತ್ತೆಯಾಗಿ ಹಿಡಿದರು. ಮುಖಕ್ಕೆ ಮುಸುಕು ಹಾಕಿಕೊಂಡು ಮೊಗಸಾಲೆಯ ಕಟಕಟೆಯ ಬಳಿ ನಿಂತವನೊಬ್ಬನ ಚಿತ್ರ ಅಂದಿನಿಂದ ಭಯೋತ್ಪಾದನೆಯ ಗುರುತಾಗಿಯೇ ನಿಂತುಬಿಟ್ಟಿತು. ಹತರಾದ ಹನ್ನೊಂದು ಮಂದಿ ಇಸ್ರೇಲಿಗಳ ಹೆಸರುಗಳು ಎಷ್ಟು ಜನರಿಗೆ ಗೊತ್ತು? ಆ ದಿನ ಪೊಲೀಸರು ಮಾಳಿಗೆಯ ಮೇಲಿನಿಂದ ನುಸುಳಲು ಸಿದ್ಧರಾಗುತ್ತಿದ್ದುದನ್ನು ದೂರದರ್ಶನವು ನೇರವಾಗಿ ಬಿತ್ತರಿಸಿತು. ಕೊಠಡಿಯೊಳಗಿದ್ದ ಭಯೋತ್ಪಾದಕರೂ ಅದನ್ನು ನೋಡುತ್ತಿದ್ದರು. ಆ ಪ್ರಯತ್ನವನ್ನು ಕೈಬಿಡಬೇಕಾಯಿತು. ೩೬ ವರ್ಷಗಳ ಮೇಲೆ ಮುಂಬಯಿಯಲ್ಲಿ ಅದೇ ತಪ್ಪು ಮರುಕಳಿಸಿತು. ಹೋಟೆಲಿನ ಹೊರಗೆ ಕಮಾಂಡೊಗಳ ಚಲನವಲನಗಳನ್ನು ದೂರದರ್ಶನ ವಾಹಿನಿಗಳು ಕ್ಷಣಕ್ಷಣಕ್ಕೂ ತೋರಿಸುತ್ತಿದ್ದವು. ಪಾಕಿಸ್ತಾನದಲ್ಲಿ ಕುಳಿತವರು ಅದನ್ನು ನೋಡಿ, ಒಳಗಿದ್ದವರಿಗೆ ದೂರವಾಣಿಯ ಮೂಲಕ ಸೂಚನೆಗಳನ್ನು ಕೊಡುತ್ತಿದ್ದರು. ಛಾಯಾಗ್ರಾಹಕರನ್ನು ಮೆಚ್ಚಿದ ಸರ್ವೋಚ್ಚ ನ್ಯಾಯಾಲಯವೇ ಈ ನೇರ ಪ್ರಸಾರವನ್ನು ಕಟುವಾಗಿ ಖಂಡಿಸಿತು. ೨೦೧೫ರಲ್ಲಿ ಭಾರತ ಸರ್ಕಾರ ನಿಯಮವೊಂದನ್ನು ಹೊರಡಿಸಿ, ಭಯೋತ್ಪಾದಕರ ವಿರುದ್ಧ ಕಾರ್ಯಾಚರಣೆ ನಡೆಯುತ್ತಿರುವಾಗ ನೇರ ಪ್ರಸಾರವನ್ನು ನಿಷೇಧಿಸಿತು. ನಿಯೋಜಿತ ಅಧಿಕಾರಿಯು ಆಗಾಗ ಕೊಡುವ ವಿವರಣೆಗಷ್ಟೇ ಅವಕಾಶವಿದೆ.

ಒಂದೇ ದಾಳಿಯಲ್ಲಿ ಒಂದು ಬಗೆಯ ಚಿತ್ರ ನ್ಯಾಯಕ್ಕೆ ನೆರವಾಯಿತು, ಇನ್ನೊಂದು ಬಗೆಯದು ಶತ್ರುವಿಗೆ ಕಣ್ಣಾಯಿತು. ಮೂರನೆಯ ಬಗೆಯೊಂದಿದೆ: ಸಾಮಾನ್ಯ ಭಾವಚಿತ್ರ. ತಾಜ್ ಹೋಟೆಲಿನೊಳಗೆ ಗಾಯಗೊಂಡ ಸಂಗಾತಿಯನ್ನು ಕಾಪಾಡಿ, ಭಯೋತ್ಪಾದಕರನ್ನು ಒಬ್ಬರೇ ಬೆನ್ನಟ್ಟಿ ಹೋಗಿ ನವೆಂಬರ್ ೨೮ರಂದು ಪ್ರಾಣ ತೆತ್ತ ಮೇಜರ್ ಸಂದೀಪ್ ಉನ್ನಿಕೃಷ್ಣನ್ ಬೆಂಗಳೂರಿನಲ್ಲಿ ಬೆಳೆದವರು. ಅವರ ಅಂತಿಮ ಹೋರಾಟದ ಚಿತ್ರ ಯಾವುದೂ ಇಲ್ಲ. ಅದು ಕಟ್ಟಡದ ಕತ್ತಲೆಯೊಳಗೆ ನಡೆಯಿತು. ಬೆಂಗಳೂರಿನ ಜನರು ನೆನಪಿಗಾಗಿ ಹಿಡಿದುಕೊಂಡದ್ದು ಸಮವಸ್ತ್ರದಲ್ಲಿರುವ ಅವರ ಭಾವಚಿತ್ರವನ್ನು. ಅದು ಸುದ್ದಿಚಿತ್ರವಲ್ಲ, ಮನೆಯ ಗೋಡೆಯ ಮೇಲೆ ಇರಬಹುದಾದ ಚಿತ್ರ. ಅದರಲ್ಲಿ ದಾಳಿಯ ಸುಳಿವೇ ಇಲ್ಲ. ಆದ್ದರಿಂದಲೇ ಅದು ವ್ಯಕ್ತಿಯನ್ನು ಉಳಿಸಿಕೊಟ್ಟಿದೆ.

ಕ್ಯಾಮರಾ ಹಿಡಿಯಲಾರದೆ ಹೋದದ್ದು ಇನ್ನೂ ಬಹಳವಿದೆ. ಅಂದು ರಾತ್ರಿ ರೈಲುನಿಲ್ದಾಣದಲ್ಲಿ ವಿಷ್ಣು ಝೇಂಡೆ ಎಂಬ ಪ್ರಕಟಣಕಾರರು ಕೆಲಸದಲ್ಲಿದ್ದರು. ರೈಲುಗಳ ವೇಳೆಯನ್ನು ಧ್ವನಿವರ್ಧಕದಲ್ಲಿ ಹೇಳುವುದು ಅವರ ನಿತ್ಯದ ಕಾಯಕ. ಸ್ಫೋಟದ ಶಬ್ದ ಕೇಳಿದೊಡನೆ ಅಪಾಯವನ್ನು ಊಹಿಸಿ, ಮುಂಭಾಗಕ್ಕೆ ಬರಬೇಡಿರಿ, ಒಂದನೆಯ ಪ್ಲಾಟ್‌ಫಾರಂನ ಹಿಂಬದಿಯ ದಾರಿಯಿಂದ ಹೊರಟುಹೋಗಿರಿ ಎಂದು ಹಿಂದಿಯಲ್ಲಿಯೂ ಮರಾಠಿಯಲ್ಲಿಯೂ ಮತ್ತೆ ಮತ್ತೆ ಸಾರಿದರು. ಉಪನಗರ ರೈಲುಗಳಿಂದ ಇಳಿಯುತ್ತಿದ್ದ ಎಷ್ಟೋ ಜನರು ಆ ದನಿಯನ್ನು ನಂಬಿ ಹಿಂದಕ್ಕೆ ಸರಿದು ಬದುಕಿದರು. ಆ ಪ್ಲಾಟ್‌ಫಾರಂ ಬರಿದಾಗಿದ್ದ ಕಾರಣದಿಂದಲೇ ಕಸಬನ ಚಿತ್ರದಲ್ಲಿ ಅವನ ಸುತ್ತ ಜನರು ಕಾಣುವುದಿಲ್ಲ. ನೋಡುವವರಿಗೆ ಅದು ಬರಿಯ ಖಾಲಿ ಜಾಗ. ಅಲ್ಲಿ ಇಲ್ಲದವರೇ ಉಳಿದವರು ಎಂಬುದನ್ನು ಚಿತ್ರ ತಾನಾಗಿ ಹೇಳದು, ಕೆಳಗಿನ ಬರಹದಿಂದ ತಿಳಿಯಬೇಕು. ಧ್ವನಿವರ್ಧಕದ ಮುಂದೆ ಕುಳಿತ ಝೇಂಡೆಯವರ ಚಿತ್ರಗಳನ್ನು ಪತ್ರಿಕೆಯವರು ತೆಗೆದದ್ದು ಅನಂತರದ ದಿನಗಳಲ್ಲಿ.

ನಿಲ್ದಾಣದಿಂದ ಹೊರಬಿದ್ದ ಕಸಬ್ ಮತ್ತು ಇಸ್ಮಾಯಿಲ್ ಖಾನ್ ಮಧ್ಯರಾತ್ರಿಯ ಹೊತ್ತಿಗೆ ಅಪಹರಿಸಿದ ಕಾರಿನಲ್ಲಿ ಗಿರ್‌ಗಾಂವ್ ಚೌಪಾಟಿಯ ಕಡೆಗೆ ಬಂದರು. ಅಲ್ಲಿ ಪೊಲೀಸರು ರಸ್ತೆಗೆ ಅಡ್ಡಗಟ್ಟಿದ್ದರು. ಸಹಾಯಕ ಸಬ್‌ಇನ್‌ಸ್ಪೆಕ್ಟರ್ ತುಕಾರಾಮ್ ಓಂಬಳೆಯವರ ಕೈಯಲ್ಲಿದ್ದುದು ಲಾಠಿ ಮಾತ್ರ. ಹಿಂದೆ ಸೈನ್ಯದಲ್ಲಿದ್ದ ಅವರು ಮುನ್ನುಗ್ಗಿ ಕಸಬನ ಬಂದೂಕಿನ ನಳಿಗೆಯನ್ನು ಹಿಡಿದುಕೊಂಡರು. ಗುಂಡುಗಳು ದೇಹವನ್ನು ಹೊಕ್ಕರೂ ಹಿಡಿತ ಸಡಿಲಿಸಲಿಲ್ಲ. ಆ ಅವಧಿಯಲ್ಲಿ ಜೊತೆಯವರು ಕಸಬನನ್ನು ಕೆಡವಿ ಸೆರೆಹಿಡಿದರು. ಆಮೇಲಿನ ವಿಚಾರಣೆ, ಸಾಕ್ಷ್ಯ, ತೀರ್ಪು ಎಲ್ಲಕ್ಕೂ ಮೂಲವಾದ ಆ ಕ್ಷಣದ ಛಾಯಾಚಿತ್ರವನ್ನು ತೆಗೆಯಲು ಅಲ್ಲಿ ಯಾರೂ ಇರಲಿಲ್ಲ. ಸರ್ಕಾರ ಓಂಬಳೆಯವರಿಗೆ ಮರಣೋತ್ತರವಾಗಿ ಅಶೋಕಚಕ್ರವನ್ನು ನೀಡಿತು. ೨೦೨೧ರಲ್ಲಿ ಪ್ರಾಣಿವಿಜ್ಞಾನಿಗಳು ಮಹಾರಾಷ್ಟ್ರದಲ್ಲಿ ಹೊಸದಾಗಿ ಕಂಡ ಜೇಡದ ಜಾತಿಯೊಂದಕ್ಕೆ ತುಕಾರಾಮರ ಹೆಸರನ್ನಿಟ್ಟರು. ಅವರು ಬಿದ್ದ ಕಡಲದಂಡೆಯ ರಸ್ತೆಯ ಬದಿಯಲ್ಲಿ ಅವರ ಪ್ರತಿಮೆಯಿದೆ. ಪ್ರತಿವರ್ಷ ನವೆಂಬರ್ ೨೬ರಂದು ಜನರು ಅಲ್ಲಿಗೆ ಹೂಮಾಲೆಗಳನ್ನು ತರುತ್ತಾರೆ. ಆ ಪ್ರತಿಮೆಯ ಚಿತ್ರವನ್ನು ತೆಗೆದುಕೊಳ್ಳಲು ಪತ್ರಿಕೆಗಳ ಛಾಯಾಗ್ರಾಹಕರೂ ಅಂದು ಅಲ್ಲಿಗೆ ಬರುತ್ತಾರೆ.